ತಮ್ಮ ದೆವ್ವ ಬಾಗಿಲಲ್ಲಿ ನಿಲ್ಲುವುದನ್ನು ಬಿಟ್ಟಿರುವ ಬಗ್ಗೆ

ಅಣ್ಣಾ ನಗರ್, ಚೆನ್ನೈ
ಮೇ 2008

ಕೈಯಲ್ಲಿ ಹಿಡಿದು ಆಡುವ ಪೆಟ್ಟಿಗೆಗೆ ದೆವ್ವ ಒದಗಿಸುವ ಕಂಪನಿಯ ಮಾನ್ಯರೇ,

ಮೂವತ್ತೊಂದು ವರ್ಷ ಸಸ್ಯಾಹಾರಿ ಹೋಟೆಲಿನ ಒಲೆಯ ಮುಂದೆ ನಿಂತು, ಈಗ ಮೊಣಕಾಲು ನೋವಿನಿಂದ ಮನೆಯಲ್ಲಿ ಕುಳಿತಿರುವ, ನಾಲ್ಕನೇ ಕ್ಲಾಸಿಗೇ ಶಾಲೆಗೆ ನಮಸ್ಕಾರ ಹೇಳಿದ ವಿಷ್ಣುಮೂರ್ತಿಯು ತಮ್ಮ ಸಮಸ್ತ ದೆವ್ವಗಳ ಕ್ಷೇಮವನ್ನು ಕೋರಿ ಬರೆದುಕೊಳ್ಳುವುದೇನೆಂದರೆ, ತಾವು ಕಳಿಸಿದ ಅಪ್‌ಡೇಟ್ ಬಹಳ ಚೆನ್ನಾಗಿದೆ, ದಯವಿಟ್ಟು ಅದನ್ನು ವಾಪಸು ತೆಗೆದುಕೊಂಡು ಹೋಗಿ.

ನನ್ನ ಮೊಮ್ಮಗಳು ವೀಕ್ಷಾಗೆ ಹನ್ನೊಂದು ವರ್ಷ. ನಾನು ಕನ್ನಡದಲ್ಲಿ ಕೇಳಿದರೆ ತಮಿಳಿನಲ್ಲಿ ಉತ್ತರ ಕೊಡುವವಳು, ಸಿಟ್ಟು ಬಂದರೆ ಇಂಗ್ಲಿಷಿನಲ್ಲಿ. ರಜೆ ಸುರುವಾದ ದಿನ ತಮ್ಮ ಪಾಳು ಆಸ್ಪತ್ರೆಯ ಆಟ ಆಡುತ್ತಾ "ಅಜ್ಜಾ, ಪೇಯ್! ಪೇಯ್!" ಎಂದು ಕಿರುಚಿದಳು. ನನ್ನದು ಹೋಟೆಲಿನವನ ಕಿವಿ; ಪೇಯ ಎಂದರೆ ಕುಡಿಯುವುದಕ್ಕೆ ಏನೋ ಬೇಕೆಂದು ತಿಳಿದು ಒಂದು ಲೋಟ ಮಜ್ಜಿಗೆ ತಂದು ಮುಂದಿಟ್ಟೆ. ತಮಿಳಿನಲ್ಲಿ ಅದು ದೆವ್ವವಂತೆ! ಅವಳು ನಕ್ಕು ನಕ್ಕು ಚಾಪೆಯ ಮೇಲೆ ಹೊರಳಿದಳು, ಆದರೆ ಮಜ್ಜಿಗೆ ಕುಡಿದಳು. ಏಕೆಂದರೆ ಆಟ ನಡುವೆಯೇ ಸಿಕ್ಕಿಕೊಂಡು, ತಮ್ಮ ಸಭ್ಯ ದೆವ್ವವು ಅಷ್ಟು ಹೊತ್ತೂ ಬಾಗಿಲಲ್ಲಿ ಒಂದು ಕಾಲೆತ್ತಿಕೊಂಡು, ಟೋಕನ್ ಮರೆತ ಗಿರಾಕಿಯ ಹಾಗೆ ನಿಂತೇ ಇತ್ತು.

ಅಂದಿನಿಂದ ಅದೇ ನಮ್ಮ ಪದ್ಧತಿ. ಯಂತ್ರ ತಡವರಿಸಿದಾಗಲೆಲ್ಲ ದೆವ್ವ ಬಾಗಿಲಲ್ಲಿ, ಲೋಟ ಅವಳ ಕೈಯಲ್ಲಿ, ಮಾತು ಕನ್ನಡದಲ್ಲಿ. "ನಿಮ್ಮೂರಿನ ಪೇಯ್‌ಗೆ ಕಾಲು ಉಂಟಾ ಅಜ್ಜ?" ಎಂದು ಕೇಳುತ್ತಿದ್ದಳು. ಬೈದರೂ ಬಾರದ ಭಾಷೆಯನ್ನು ತಮ್ಮ ಕೆಟ್ಟ ಆಟ ಪುಕ್ಕಟೆ ಕಲಿಸುತ್ತಿತ್ತು.

ಹೀಗಿರುವಾಗ ನನ್ನ ಮಗ ಶ್ರೀಶ ಹೋದ ವಾರ ತಮ್ಮ ಅಪ್‌ಡೇಟನ್ನು ಹಾಕಿಕೊಟ್ಟ. "ಇನ್ನು ಎಲ್ಲಿಯೂ ನಿಲ್ಲುದಿಲ್ಲ ಅಪ್ಪ, ಬೆಣ್ಣೆ ಹಾಗೆ ಹೋಗ್ತದೆ" ಎಂದ. ಹೋಗುತ್ತದೆ ಮಾರಾಯರೇ. ದೆವ್ವ ಬಾಗಿಲು ದಾಟಿ, ಮೆಟ್ಟಿಲು ಹತ್ತಿ, ಹಗಲಿಡೀ ಓಡುತ್ತದೆ, ಮಗು ತಲೆ ಎತ್ತುವುದಿಲ್ಲ, ಮಜ್ಜಿಗೆ ಹುಳಿಯಾಗುತ್ತದೆ. ಕರೆದರೆ "ಇರುಂಗ ತಾತಾ" ಎಂದು ತಮಿಳಿನಲ್ಲಿ ಕಾಯಲು ಹೇಳುತ್ತಾಳೆ. ಬಾಗಿಲಲ್ಲಿ ಕಾಯುವ ಕೆಲಸ ದೆವ್ವಕ್ಕೆ ತಪ್ಪಿ ನನಗೆ ಬಂತು. ಕನ್ನಡದ ಅಜ್ಜನಾಗಿದ್ದವನು ಒಂದೇ ವಾರದಲ್ಲಿ ತಮಿಳಿನ ತಾತನಾದೆ. ಇದು ಯಾವ ಸೀಮೆಯ ಸುಧಾರಣೆ?

ಆದುದರಿಂದ ತಮ್ಮ ದೆವ್ವಕ್ಕೆ ನನ್ನ ಮೊಣಕಾಲು ನೋವನ್ನು ದಯಪಾಲಿಸಬೇಕು. ಅದು ಆಗದಿದ್ದರೆ, ಒಂದು ಲೋಟ ಮಜ್ಜಿಗೆ ಮುಗಿಯುವಷ್ಟು ಹೊತ್ತು ಹೊಸ್ತಿಲಲ್ಲಿ ಚಪ್ಪಲಿ ಬಿಡಲು ಹೇಳಬೇಕು. ಒಬ್ಬರ ಮನೆಗೆ ನುಗ್ಗುವವರಿಗೆ ಅಷ್ಟಾದರೂ ಮರ್ಯಾದೆ ಬೇಡವೇ?

ಇನ್ನೂ ಅಪ್‌ಡೇಟ್ ಆಗದ ತಮ್ಮ ವಿಶ್ವಾಸಿ,
ವಿಷ್ಣುಮೂರ್ತಿ

ತಾ.ಕ.: ನಿನ್ನೆ ಮಧ್ಯಾಹ್ನ ಕರೆಂಟು ಹೋಯಿತು, ಪೆಟ್ಟಿಗೆಯ ಬ್ಯಾಟರಿಯೂ ಸತ್ತಿತ್ತು. ವೀಕ್ಷಾ ಅಡಿಗೆಮನೆಗೆ ಬಂದು "ಅಜ್ಜ, ಪೇಯ ಉಂಟಾ?" ಎಂದಳು. ಕರೆಂಟಿನವರಿಗೆ ಬೇರೆ ಧನ್ಯವಾದ ಪತ್ರ ಬರೆದಿದ್ದೇನೆ. ನಿಲ್ಲಿಸುವುದು ಹೇಗೆಂದು ತಾವು ಅವರ ಹತ್ತಿರ ಬಂದು ಕಲಿಯಬಹುದು.