ಫ್ರೆಡ್ಡಿಯ ಕೈಗೆ ಕೂತ ದುರ್ಬೀನು

ಫ್ರೆಡ್ಡಿಗೆ ಬಾಯಿಯೇ ವೈರಿ. ಇಲ್ಲದಿದ್ದರೆ ಆಫೀಸಿನಲ್ಲಿ ಚಹಾ ಕುಡಿಯುತ್ತಾ, "ನಾನು ಕಾಲೇಜಲ್ಲಿ ಎನ್‌ಸಿಸಿ. ಬಂದೂಕು ಗಿಂದೂಕು ಎಲ್ಲ ನಂಗೆ ನೀರು ಕುಡಿದಷ್ಟು ಸಲೀಸು" ಅನ್ನುವ ದರ್ದು ಏನಿತ್ತು? ಎನ್‌ಸಿಸಿಯಲ್ಲಿ ಇದ್ದದ್ದು ನಿಜ. ಆದರೆ ಕ್ಯಾಂಪಿನಲ್ಲಿ ಅವನಿಗೆ ಸಿಕ್ಕಿದ್ದು ಈರುಳ್ಳಿ ಸುಲಿಯುವ ಡ್ಯೂಟಿ. ಬಂದೂಕು ಹಿಡಿದದ್ದು ಫೋಟೋ ತೆಗೆಸಿಕೊಳ್ಳಲಿಕ್ಕೆ ಮಾತ್ರ.

ಆ ಮಾತು, ಎಲ್ಲರೂ ಅರಬಾಬ್ ಅಂತ ಕರೆಯುವ ಕಂಪೆನಿಯ ಅರಬ್ ಮಾಲೀಕ ನಾಸಿರನ ಕಿವಿಗೆ ಬಿತ್ತು. ನಾಸಿರನಿಗೆ ಗುರಿ ಹೊಡೆಯುವ ಹುಚ್ಚು. ಪಿಸ್ತೂಲಿಗೆ ಹೊಸ ದುರ್ಬೀನು ಹಾಕಿಸಿದ್ದ. ಆದರೆ ದುರ್ಬೀನಿನಲ್ಲಿ ಕಾಣುವ ಜಾಗಕ್ಕೇ ಗುಂಡು ಬೀಳುವ ಹಾಗೆ ಅದನ್ನು ಕೂರಿಸುವ ವ್ಯವಧಾನ ಅವನಿಗಿರಲಿಲ್ಲ. ಶುಕ್ರವಾರ ಸಂಜೆ ಭಾವಮೈದುನ ಸಲೀಮನ ಜೊತೆ ಸೆಮಿಫೈನಲ್ ಪಂದ್ಯ ಬೇರೆ ಇತ್ತು.

"ಫ್ರೆಡ್ಡಿ, ಶುಕ್ರವಾರ ಬೆಳಿಗ್ಗೆ ಕ್ಲಬ್ಬಿಗೆ ಹೋಗಿ ಅದನ್ನ ಸರಿ ಮಾಡು. ರಾತ್ರಿಯೇ ಊರಿಗೆ ಹೋಗು. ರಜೆ ಕೊಟ್ಟೆ, ಖಲಾಸ್" ಅಂದ ನಾಸಿರ್, ತನ್ನ ಹರಕುಮುರುಕು ಹಿಂದಿಯಲ್ಲಿ.

ರಜೆ ಅಂದ ಕೂಡಲೇ ಫ್ರೆಡ್ಡಿಗೆ ಬೇರೇನೂ ಕೇಳಿಸಲಿಲ್ಲ. ಭಾನುವಾರ ಊರಿನಲ್ಲಿ, ಶಿರ್ವದ ಇಗರ್ಜಿಯಲ್ಲಿ, ಮಗಳು ಹೇಝಲಳಿಗೆ ಮೊದಲ ಪರಮಪ್ರಸಾದ ಕೊಡುವ ಪೂಜೆ. ಬಿಳಿ ಫ್ರಾಕು, ತಲೆಗೆ ಹೂವಿನ ಕಿರೀಟ, ಕೈಯಲ್ಲಿ ಮೇಣದ ಬತ್ತಿ. ಒಂದು ತಿಂಗಳಿಂದ ರಜೆ ಕೇಳಿ ಕೇಳಿ ಅವನ ನಾಲಿಗೆ ಸವೆದಿತ್ತು. ಆ ದಿನ ಮಗಳ ಪಕ್ಕದಲ್ಲಿ ನಿಲ್ಲದಿದ್ದರೆ ಅಪ್ಪ ಅಂತ ಇದ್ದು ಏನು ಪ್ರಯೋಜನ?

ಕ್ಲಬ್ಬಿಗೆ ಒಬ್ಬನೇ ಹೋಗಿದ್ದರೆ ಹೇಗೋ ಆಗುತ್ತಿತ್ತು. ಆದರೆ ರೂವಿಯ ಆ ಬಿಲ್ಡಿಂಗಿನಲ್ಲಿ ಒಬ್ಬನೇ ಹೋಗಲು ಯಾರು ಬಿಡುತ್ತಾರೆ? ಕೆಳಗೆ ದಿನಸಿ ಅಂಗಡಿ ಇಟ್ಟಿರುವ ಕುಂಞಾಲಿ ಕಾರು ತೆಗೆದರು. ಪಕ್ಕದ ರೂಮಿನ ಜಾಯ್ಸನ್ ಕರೆಯದೇ ಹತ್ತಿ ಕೂತ. ಪಿಸ್ತೂಲಿನ ಕೆಳಗೆ ಇಡಲಿಕ್ಕೆ ಮರಳಿನ ಚೀಲ ಬೇಕೆಂದು ಯಾರೋ ಹೇಳಿದ್ದನ್ನು ಕೇಳಿ, ಕುಂಞಾಲಿ ಅಂಗಡಿಯಿಂದ ಕುಚ್ಚಲಕ್ಕಿಯ ಚೀಲವನ್ನೇ ಡಿಕ್ಕಿಗೆ ಹಾಕಿದರು.

"ಮರಳಿಗಿಂತ ಇದು ಗಟ್ಟಿ ಪೊರ್ಬುಗಳೇ. ಮತ್ತೆ ಗಂಜಿಗೂ ಆಗ್ತದೆ" ಅಂದರು, ಕರಾವಳಿಯಲ್ಲಿ ಕ್ರೈಸ್ತರನ್ನು ಕರೆಯುವ ರೀತಿಯಲ್ಲೇ.

ಅಲ್ ಮಬೇಲಾದ ಆಚೆಗಿನ ಆ ಕ್ಲಬ್ಬಿನಲ್ಲಿ ಉಸ್ತುವಾರಿಯವನು ಮೂವರ ಕಿವಿಗೂ ಮುಚ್ಚಳ ಹಾಕಿ, ಪಿಸ್ತೂಲು ಹೇಗೆ ಹಿಡಿಯಬೇಕೆಂದು ತೋರಿಸಿ, ಹಿಂದೆ ಕುರ್ಚಿ ಹಾಕಿಕೊಂಡು ಕೂತ. ಫ್ರೆಡ್ಡಿ ಅಕ್ಕಿ ಚೀಲದ ಮೇಲೆ ಕೈ ಇಟ್ಟು, ದುರ್ಬೀನಿನಲ್ಲಿ ನೋಡಿ, ಯೇಸುವೇ ಅಂತ ಪಿಸ್ತೂಲಿನ ಕುದುರೆ ಒತ್ತಿದ. ಚೀಲ ಅಲ್ಲಾಡಲಿಲ್ಲ. ಫ್ರೆಡ್ಡಿ ಅಲ್ಲಾಡಿದ. ಗುಂಡು ಹೋಗಿ ಹಲಗೆಯ ಬಲ ಅಂಚಿಗೆ ಬಿತ್ತು.

"ಎಡಕ್ಕೆ ತಿರುಗಿಸಿ ಫ್ರೆಡ್ಡಿಯಣ್ಣ" ಅಂದ ಜಾಯ್ಸನ್.

"ಎಂಥ ಎಡಕ್ಕೆ? ತಕ್ಕಡಿ ಬಲಕ್ಕೆ ವಾಲಿದ್ರೆ ನಾನು ಎಲ್ಲಿ ಕೈ ಹಾಕ್ತೇನೆ? ಬಲಕ್ಕೇ" ಅಂದರು ಕುಂಞಾಲಿ.

ಫ್ರೆಡ್ಡಿ ಇಬ್ಬರ ಮಾತನ್ನೂ ಕೇಳಿದ. ಅವನ ಹಣೆಬರಹವೇ ಹಾಗೆ. ಒಮ್ಮೆ ಈ ಕಡೆ, ಒಮ್ಮೆ ಆ ಕಡೆ ದುರ್ಬೀನಿನ ತಿರುಪು ತಿರುಗಿಸಿದ. ಗುಂಡು ಹಲಗೆ ಬಿಟ್ಟು ಹಿಂದಿನ ಮಣ್ಣಿನ ದಿಬ್ಬಕ್ಕೇ ನುಗ್ಗತೊಡಗಿತು. ಬಿಸಿಲು ಏರಿ ಅಂಗಿ ಬೆನ್ನಿಗೆ ಅಂಟಿತು. ಕಡೆಗೆ ಸಾಕಾಗಿ, ಇಬ್ಬರನ್ನೂ ಕಾರಿನಲ್ಲಿ ಕೂರಿಸಿ ಬಂದು, ಗುಂಡು ಬಿದ್ದ ಜಾಗ ನೋಡಿಕೊಂಡು ಸ್ವಲ್ಪ ಸ್ವಲ್ಪವೇ ತಿರುಗಿಸಿದ. ಮಧ್ಯಾಹ್ನದ ಹೊತ್ತಿಗೆ ಗುಂಡು ಹಲಗೆಯ ನಟ್ಟನಡುವೆ ಬಿತ್ತು. ಮತ್ತೊಂದು ಹೊಡೆದ, ಅದೂ ನಡುವೆ. ಫ್ರೆಡ್ಡಿಯ ಕಣ್ಣಲ್ಲಿ ನೀರು ಬಂತು.

ಸಂಜೆ ನಾಸಿರ್ ಬಂದ. ಜೊತೆಗೆ ಮೀಸೆ ತೀಡುತ್ತಾ ಸಲೀಮ್. ನಾಸಿರ್ ಪಂದ್ಯಕ್ಕೆ ಮೊದಲು ಕೈ ನೋಡಲೆಂದು ಒಂದು ಹೊಡೆದ. ಗುಂಡು ಎಡಕ್ಕೆ ಹಾರಿತು. ಇನ್ನೊಂದು, ಇನ್ನೂ ಎಡಕ್ಕೆ. ಸಲೀಮ್ ನಗಲಿಕ್ಕೆ ಶುರು ಮಾಡಿದ.

"ಇದೇನಾ ಎನ್‌ಸಿಸಿ?" ಅಂದ ನಾಸಿರ್.

"ಅರಬಾಬ್, ಸರಿ ಉಂಟು. ನೋಡಿ ಬೇಕಾದ್ರೆ" ಅಂತ ಫ್ರೆಡ್ಡಿ ನಡುಗುವ ಕೈಯಿಂದ ಹೊಡೆದು ತೋರಿಸಿದ. ನಟ್ಟನಡುವೆ.

ನಾಸಿರ್ ಮತ್ತೊಮ್ಮೆ ಹೊಡೆಸಿ, ಈ ಸಲ ಹಲಗೆ ಬಿಟ್ಟು ಫ್ರೆಡ್ಡಿಯ ಕೈಯನ್ನೇ ನೋಡಿದ. ವಿಷಯ ಅಷ್ಟೇ. ಕುದುರೆ ಒತ್ತುವಾಗ ಹೆದರಿಕೆಗೆ ಫ್ರೆಡ್ಡಿಯ ಕೈ ಬಲಕ್ಕೆ ಹಾರುತ್ತಿತ್ತು. ಬೆಳಿಗ್ಗೆಯಿಂದ ಅವನು ದುರ್ಬೀನನ್ನು ಕೂರಿಸಿದ್ದು ಆ ಹೆದರಿಕೆಗೆ ಸರಿಯಾಗಿ. ಗಟ್ಟಿ ಕೈಯವರು ಯಾರು ಹೊಡೆದರೂ ಗುಂಡು ಎಡಕ್ಕೇ.

"ಇನ್ನು ತಿರುಗಿಸುತ್ತಾ ಕೂರಲು ಹೊತ್ತಿಲ್ಲ. ನನ್ನ ಬದಲು ನೀನೇ ಹೊಡಿ" ಅಂದ ನಾಸಿರ್. "ಸೋತರೆ ರಾತ್ರಿ ವಿಮಾನ ಹತ್ತು. ಗೆದ್ದರೆ ನಾಳೆ ಸಂಜೆ ಸುವೈಕ್‌ನಲ್ಲಿ ಫೈನಲ್. ಅದು ಮುಗಿಸಿ ಹೋಗು."

ನಾಳೆ ಸಂಜೆ ಫೈನಲ್ ಮುಗಿಸಿ ರಾತ್ರಿ ಹೊರಟರೆ ಊರು ಮುಟ್ಟುವಾಗ ಭಾನುವಾರ ಬೆಳಗಿನ ಪೂಜೆ ಮುಗಿದಿರುತ್ತದೆ. ಫ್ರೆಡ್ಡಿ ಸೋಲಲೇಬೇಕು.

"ಸೋಲುವುದು ಏನು ಕಷ್ಟ?" ಕಾರಿನಿಂದ ಇಳಿದು ಬಂದಿದ್ದ ಜಾಯ್ಸನ್ ಕಿವಿಯಲ್ಲಿ ಅಂದ. "ಕೈ ಗಟ್ಟಿ ಹಿಡೀರಿ. ಪಿಸ್ತೂಲೇ ತಪ್ಪಿಸ್ತದೆ."

ಜೀವಮಾನದಲ್ಲಿ ಮೊದಲ ಸಲ ಫ್ರೆಡ್ಡಿ ಧೈರ್ಯವಾಗಿ ನಿಂತ. ಉಸಿರು ಕಟ್ಟಿ ಹೊಡೆದ. ಎಡಕ್ಕೆ. ಮತ್ತೂ ಎಡಕ್ಕೆ. ಆದರೆ ಸಲೀಮನ ಕೈಯೇನೂ ಸುಖವಿರಲಿಲ್ಲ, ಅವನ ಗುಂಡುಗಳೂ ಹಲಗೆಯ ಮೂಲೆ ಹುಡುಕುತ್ತಿದ್ದವು. ಸಲೀಮ್ ಹೊಡೆದು ಮುಗಿಸಿದಾಗ ಅವನದು ಒಂದೇ ಅಂಕ ಮುಂದೆ, ಫ್ರೆಡ್ಡಿಗೆ ಒಂದು ಗುಂಡು ಬಾಕಿ. ಫ್ರೆಡ್ಡಿ ದುರ್ಬೀನಿಗೆ ಕಣ್ಣಿಟ್ಟ. ಇದೊಂದು ತಪ್ಪಿದರೆ ನಾಳೆ ಮನೆ. ಬಿಳಿ ಫ್ರಾಕಿನಲ್ಲಿ ಹೇಝಲ್ ಇಗರ್ಜಿಯ ಬಾಗಿಲಲ್ಲಿ ದಾರಿ ನೋಡುತ್ತಾ ನಿಂತ ಹಾಗೆ ಅನ್ನಿಸಿತು. ಹಳೇ ಹೆದರಿಕೆ ಬಂತು, ಕೈ ಬಲಕ್ಕೆ ಹಾರಿತು.

ನಟ್ಟನಡುವೆ.

ನಾಸಿರ್ ಅವನನ್ನು ಅಪ್ಪಿ ಮೇಲೆತ್ತಿದ. ಕುಂಞಾಲಿ ಎಲ್ಲ ಮರೆತು ಚಪ್ಪಾಳೆ ಹೊಡೆದರು. ಫ್ರೆಡ್ಡಿ ಮೂಲೆಗೆ ಹೋಗಿ ಮನೆಗೆ ಫೋನು ಹಚ್ಚಿ, ಹೆಂಡತಿ ಇವ್ಲಿನ್‌ಗೆ ತೊದಲುತ್ತಾ ಎಲ್ಲ ಹೇಳಿದ. ಅವಳು ಬೈಯುವ ಮೊದಲೇ ಮಗಳು ಫೋನು ಕಿತ್ತುಕೊಂಡಳು.

"ಡ್ಯಾಡಾ, ನೀನು ಗೆದ್ದಿಯಾ? ಅಳ್ಬೇಡ. ಮುಂದಿನ ಭಾನುವಾರವೂ ಪರಮಪ್ರಸಾದದ ಒಂದು ಬ್ಯಾಚ್ ಉಂಟು. ಫಾದರ್ ಹತ್ರ ನಾನೇ ಕೇಳ್ತೇನೆ."

ಫ್ರೆಡ್ಡಿಗೆ ಹೋದ ಜೀವ ಬಂದಂತಾಯಿತು. ಓಡಿ ಬಂದು ನಾಸಿರನ ಕೈ ಹಿಡಿದ. "ಅರಬಾಬ್, ತೊಂದರೆ ಇಲ್ಲ. ನಾಳೆ ಫೈನಲ್ ಹೊಡೆದೇ ಹೋಗ್ತೇನೆ. ಮುಂದಿನ ಭಾನುವಾರ ಊರಲ್ಲಿದ್ರೆ ಸಾಕು."

"ಖಂಡಿತ" ಅಂದ ನಾಸಿರ್, ಅವನ ಬೆನ್ನು ತಟ್ಟಿ. "ನಾಳೆ ಸೋತರೆ ರಾತ್ರಿಯೇ ಹೋಗು. ಗೆದ್ದರೆ ಸಲಾಲಾ. ದೊಡ್ಡ ಪಂದ್ಯ, ಒಂದು ವಾರ."

ನಾಳೆ ಮಾತ್ರ ಹೇಗಾದರೂ ಸೋತೇ ಸೋಲುತ್ತೇನೆ ಅಂತ ಫ್ರೆಡ್ಡಿ ಗಟ್ಟಿ ಮನಸ್ಸು ಮಾಡಿದ. ಮನಸ್ಸು ನಿಜವಾಗಿಯೂ ಗಟ್ಟಿಯಾಯಿತು. ಕೈ ಮಾತ್ರ ಈಗಲೇ ನಡುಗಲಿಕ್ಕೆ ಶುರುವಾಗಿತ್ತು.