ಹೆಚ್ಚುವರಿ ಅಪ್ಪ

ಪಾಠದ ಪುಸ್ತಕ ಓದುವ ಮಕ್ಕಳಿಂದ ತಂದೆತಾಯಿಗಳಿಗೆ ಯಾವ ತೊಂದರೆಯೂ ಇಲ್ಲ. ಓದಿದ್ದನ್ನು ಪರೀಕ್ಷೆಯಲ್ಲಿ ಬರೆದು, ಮರುದಿನವೇ ಮರೆತು, ಮುಂದೆ ನಮ್ಮ ನಿಮ್ಮ ಹಾಗೆ ಒಳ್ಳೆಯ ನಾಗರಿಕರಾಗುತ್ತಾರೆ. ತೊಂದರೆ ಇರುವುದು ಪಾಠಕ್ಕಿಲ್ಲದ ಪುಸ್ತಕ ಓದಿ, ಓದಿದ್ದನ್ನು ನಂಬಿ, ನಂಬಿದ್ದು ನಿಜವೋ ಸುಳ್ಳೋ ಎಂದು ಮನೆಯವರ ಮೇಲೆ ಪ್ರಯೋಗ ಮಾಡಿ ನೋಡುವ ಮಕ್ಕಳಿಂದ. ನನಗಿರುವವಳು ಒಬ್ಬಳೇ ಮಗಳು. ಅವಳು ಈ ಎರಡನೆಯ ಪಂಗಡಕ್ಕೆ ಸೇರಿದವಳು ಎಂಬುದು ನನಗೆ ತಿಳಿದದ್ದು ಈ ವರ್ಷ, ಅದೂ ತೀರಾ ತಡವಾಗಿ.

ನಮ್ಮ ಮನೆ ಮಸ್ಕತ್ತಿನ ಮದೀನತ್ ಸುಲ್ತಾನ್ ಖಾಬೂಸಿನಲ್ಲಿದೆ. ನಾನು ಮೈಸೂರಿನವನು, ಹೆಂಡತಿ ಶೈಲಾ ಪುತ್ತೂರಿನವಳು, ಮಗಳು ಮಾನಸಿ ಯಾವ ಊರಿನವಳೆಂದು ಕೇಳಿದರೆ ಇಂಗ್ಲಿಷಿನಲ್ಲಿ ಉತ್ತರ ಬರುತ್ತದೆ. ನಾನು ವೃತ್ತಿಯಿಂದ ಎಂಜಿನಿಯರ್. ವಾರಕ್ಕೊಮ್ಮೆ ಸೊಹಾರಿನ ಕಾರ್ಖಾನೆಗೆ ಹೋಗಿ, ತಲೆಗೆ ಹೆಲ್ಮೆಟ್ ಇಟ್ಟುಕೊಂಡು, ಬೇರೆಯವರು ಮಾಡುತ್ತಿರುವ ಕೆಲಸವನ್ನು ಗಂಭೀರವಾಗಿ ನೋಡಿ ಬರುತ್ತೇನೆ. ಉಳಿದ ದಿನ ಮಸ್ಕತ್ತಿನ ಆಫೀಸಿನಲ್ಲಿ ಕೂತು, ನೋಡಿ ಬಂದದ್ದರ ಬಗ್ಗೆ ಮೀಟಿಂಗ್ ಮಾಡುತ್ತೇನೆ. ಇಂಥ ಘನವಾದ ವೃತ್ತಿ ನನ್ನೊಂದಿಗೇ ಕೊನೆಯಾಗಬಾರದೆಂಬ ಆಸೆ ನನಗಿತ್ತು. ಮಾನಸಿ ಹತ್ತನೇ ತರಗತಿ ಮುಗಿಸುವ ಮೊದಲೇ ಅವಳಿಗೆ ಮೈಸೂರಿನ ಕಾಲೇಜು, ಅಲ್ಲಿನ ಹಾಸ್ಟೆಲು, ಹಾಸ್ಟೆಲಿನಲ್ಲಿ ಬೆಟ್ಟ ಕಾಣುವ ಕಿಟಕಿ, ಎಲ್ಲವನ್ನೂ ಮನಸ್ಸಿನಲ್ಲೇ ಗೊತ್ತುಮಾಡಿ ಇಟ್ಟಿದ್ದೆ. ಅವಳನ್ನು ಕೇಳಬೇಕೆಂದು ಹೊಳೆದಿರಲಿಲ್ಲ. ನನ್ನನ್ನೂ ಯಾರೂ ಕೇಳಿರಲಿಲ್ಲವಲ್ಲ.

ಹೀಗಿರುವಾಗ ಒಂದು ಸಂಜೆ ಊಟದ ಮೇಜಿನ ಮುಂದೆ ಅವಳು, ಸಾರು ಬಡಿಸಿ ಎನ್ನುವಷ್ಟೇ ಸಲೀಸಾಗಿ, ತಾನು ಸೈನ್ಸ್ ತೆಗೆದುಕೊಳ್ಳುವುದಿಲ್ಲ, ಕಾಮರ್ಸ್ ತೆಗೆದುಕೊಂಡು ಅರ್ಥಶಾಸ್ತ್ರ ಓದುತ್ತೇನೆ ಎಂದಳು. ಭಾನುವಾರ ಶಾಲೆಗೆ ತಂದೆತಾಯಿಯನ್ನು ಕರೆದುಕೊಂಡು ಬಂದು ಯಾವ ವಿಭಾಗವೆಂದು ಹೇಳಬೇಕಂತೆ. ಇದೆಲ್ಲ ಎಲ್ಲಿಂದ ಬಂತೆಂದು ವಿಚಾರಿಸಿದಾಗ ಹೊರಬಿದ್ದದ್ದು ಶಾಲೆಯ ಲೈಬ್ರರಿಯ ಒಂದು ದಪ್ಪ ಪುಸ್ತಕ. ಬಡ ದೇಶಗಳು ಹೇಗೆ ಬೆಳೆಯುತ್ತವೆ ಎಂಬ ಪ್ರಶ್ನೆಯನ್ನೇ ಒಂದು ಶಾಸ್ತ್ರವಾಗಿ ಕಟ್ಟಿದವರಲ್ಲಿ ಮೊದಲಿಗರಾದ ಒಬ್ಬ ಅರ್ಥಶಾಸ್ತ್ರಜ್ಞರ ಜೀವನಚರಿತ್ರೆ ಅದು. ಆತ ಹುಟ್ಟಿದ್ದು ಕಬ್ಬು ಬೆಳೆಯುವ ಒಂದು ಸಣ್ಣ ದ್ವೀಪದಲ್ಲಿ. ಆತನ ಪರದೇಶಿ ಹೆಸರು ನಾಲಿಗೆಗೆ ಒಗ್ಗದೆ ಶೈಲಾ ಅವರನ್ನು ‘ದ್ವೀಪದವರು’ ಎಂದೇ ಕರೆಯತೊಡಗಿದಳು. ಎರಡೇ ದಿನದಲ್ಲಿ ದ್ವೀಪದವರು ನಮ್ಮ ಮನೆಯಲ್ಲಿ ನನ್ನ ಸೋದರಮಾವನಿಗಿಂತ ಹತ್ತಿರದವರಾಗಿಬಿಟ್ಟರು.

ಯಂತ್ರ ಕೈಕೊಟ್ಟಾಗ ಎಂಜಿನಿಯರ್ ಆದವನು ಮೊದಲು ಅದನ್ನು ಬಿಚ್ಚಿ ನೋಡುತ್ತಾನೆ. ನಾನೂ ಹಾಗೇ ಮಾಡಿದೆ. ಮಾನಸಿಯನ್ನು ಸಂಗೀತದ ಪಾಠಕ್ಕೆ ಬಿಟ್ಟು, ಕಾರಿನಲ್ಲಿ ಏ.ಸಿ. ಹಾಕಿಕೊಂಡು, ಅವಳ ಚೀಲದಿಂದ ಎಗರಿಸಿದ್ದ ಆ ಪುಸ್ತಕವನ್ನು ಓದತೊಡಗಿದೆ. ಅದರಲ್ಲಿ ಎಲ್ಲಾದರೂ ಒಂದು ದೋಷ, ಒಂದು ಚಟ, ಕೊನೆಗೆ ಅರ್ಥಶಾಸ್ತ್ರ ಓದಿ ಕೆಟ್ಟೆನೆಂಬ ಒಂದು ನಿಟ್ಟುಸಿರಾದರೂ ಸಿಕ್ಕೀತೆಂದು ಹುಡುಕಿದೆ. ಹುಡುಗ ಭಾರಿ ಜಾಣ, ಶಾಲೆಯನ್ನು ಬೇಗ ಮುಗಿಸಿದ್ದ, ತಾಯಿ ಒಬ್ಬಳೇ ಮಕ್ಕಳನ್ನು ಸಾಕಿದ್ದಳು. ಇವೆಲ್ಲ ನನ್ನ ಉಪಯೋಗಕ್ಕೆ ಬರುವಂಥವಲ್ಲ ಎಂದು ಹಾಳೆ ಮಗುಚುತ್ತಿದ್ದವನಿಗೆ ಒಂದು ಸಾಲು ಸಿಕ್ಕಿತು ನೋಡಿ. ದ್ವೀಪದವರಿಗೆ ನಿಜವಾಗಿ ಆಗಬೇಕೆಂದಿದ್ದದ್ದು ಎಂಜಿನಿಯರ್! ಪುಸ್ತಕವನ್ನು ಅಲ್ಲಿಗೇ ಮುಚ್ಚಿದೆ. ಗೆದ್ದ ವಕೀಲ ಮುಂದಿನ ಪುಟ ಯಾಕೆ ಓದುತ್ತಾನೆ?

ರಾತ್ರಿ ಊಟಕ್ಕೆ ಕೂತಾಗ, ಬಾಯಿ ತಪ್ಪಿ ಬಂತೆಂಬಂತೆ, ನಿನ್ನ ದ್ವೀಪದವರಿಗೂ ನನ್ನ ವೃತ್ತಿಯ ಮೇಲೇ ಕಣ್ಣಿತ್ತಂತೆ ಎಂದೆ. ಮಾನಸಿ ಚಪಾತಿಯ ತುಂಡನ್ನು ತಟ್ಟೆಯಲ್ಲಿಟ್ಟಳು.

“ಅಪ್ಪಾ, ಪೂರ್ತಿ ಓದಿದ್ರಾ? ಹಿ ವಾಸ್ ಬ್ಲ್ಯಾಕ್. ಅಲ್ಲಿ ಅವರಿಗೆ ಎಂಜಿನಿಯರ್ ಕೆಲಸ ಯಾರೂ ಕೊಡ್ತಿರ್ಲಿಲ್ಲ, ಸರ್ಕಾರದವರೂ ಇಲ್ಲ, ಶುಗರ್ ಎಸ್ಟೇಟಿನವರೂ ಇಲ್ಲ. ಅದಕ್ಕೇ ಅವರು ಅಪ್ಲೈ ಕೂಡ ಮಾಡ್ಲಿಲ್ಲ.”

ನನಗೆ ಎಂಜಿನಿಯರಿಂಗ್ ಸೀಟು ಸಿಕ್ಕಿದಾಗ ನಮ್ಮಪ್ಪ ಬೀದಿಗೆಲ್ಲ ಮೈಸೂರುಪಾಕು ಹಂಚಿದ್ದರು. ಅದೇ ವಯಸ್ಸಿನಲ್ಲಿ ನನಗಿಂತ ನೂರು ಪಾಲು ಜಾಣನಾದ ಹುಡುಗನೊಬ್ಬ, ಬಾಗಿಲು ತೆರೆಯುವುದಿಲ್ಲವೆಂದು ತಿಳಿದು, ತಟ್ಟದೆಯೇ ಹಿಂದಿರುಗಿದ್ದ. ಅದನ್ನು ಊಟದ ಮೇಜಿನಲ್ಲಿ ನನ್ನ ಗೆಲುವಿಗೆ ಬಳಸಹೊರಟಿದ್ದೆನಲ್ಲ ಎಂದು ಬಹಳ ನಾಚಿಕೆಯಾಯಿತು. ಶೈಲಾಳಿಗೆ ಅದು ಗೊತ್ತಾಗಿರಬೇಕು. ಮಾತು ಬದಲಿಸಲಿಕ್ಕೆ, ಹಾಗಾದರೆ ಅವರು ಕಂಡುಹಿಡಿದದ್ದು ಎಂತ ಎಂದು ಮಗಳನ್ನು ಕೇಳಿದಳು.

ಮಾನಸಿ ವಿವರಿಸಿದಳು. ಅಲ್ಲಿಯವರೆಗೆ ಅರ್ಥಶಾಸ್ತ್ರದ ದೊಡ್ಡ ಪುಸ್ತಕಗಳೆಲ್ಲ ಸಾಮಾನ್ಯವಾಗಿ ಶ್ರೀಮಂತ ದೇಶಗಳ ಮನೆವಾರ್ತೆಯಾಗಿದ್ದವಂತೆ. ಬಡ ದೇಶದ ಲೆಕ್ಕವೇ ಬೇರೆ ಎಂದು ಇವರಿಗೆ ಅನುಮಾನ. ಒಂದು ದಿನ ಏಷ್ಯಾದ ಯಾವುದೋ ಊರಿನ ರಸ್ತೆಯಲ್ಲಿ ನಡೆದು ಹೋಗುತ್ತಿದ್ದಾಗ ಉತ್ತರ ಹೊಳೆಯಿತಂತೆ. ಬಡ ದೇಶದ ಹೊಲದಲ್ಲಿ, ಅಂಗಡಿಯಲ್ಲಿ, ಮನೆಯಲ್ಲಿ ಬೇಕಾದ್ದಕ್ಕಿಂತ ಹೆಚ್ಚು ಜನ ಒಂದೇ ಕೆಲಸಕ್ಕೆ ಕೈಹಚ್ಚಿರುತ್ತಾರೆ. ಅವರಲ್ಲಿ ಕೆಲವರು ಎದ್ದು ಹೋದರೂ ಬೆಳೆ ಒಂದು ಹಿಡಿಯೂ ಕಡಿಮೆಯಾಗುವುದಿಲ್ಲ. ಹಾಗೆ ಎದ್ದು ಬಂದ ಕೈಗಳಿಗೆ ಹೊಸ ಕೆಲಸ ಸಿಕ್ಕಿ, ಅಲ್ಲಿ ಬಂದ ಲಾಭವನ್ನು ಮತ್ತೆ ಹೊಸ ಕೆಲಸಕ್ಕೇ ಹಾಕುತ್ತ ಹೋದರೆ ದೇಶ ಮೇಲೇಳುತ್ತದೆ. ಇದೇ ವಿಚಾರಕ್ಕೆ ಮುಂದೆ ಅವರಿಗೆ ಜಗತ್ತಿನ ದೊಡ್ಡ ಬಹುಮಾನವೂ ಬಂತು. ಕೆಲಸದಲ್ಲಿರುವಂತೆ ಕಾಣುತ್ತ, ಇದ್ದರೂ ಹೋದರೂ ಒಂದೇ ಆಗಿರುವ ಈ ಸ್ಥಿತಿಗೆ ಪ್ರಚ್ಛನ್ನ ನಿರುದ್ಯೋಗ ಎಂದು ಹೆಸರು. ಇದನ್ನು ಹೇಳುವಾಗ ಅವಳು ನನ್ನನ್ನು ನೋಡಲಿಲ್ಲ. ನಾನು ಮಾತ್ರ ಅವಳನ್ನು ಸ್ವಲ್ಪ ಗಾಬರಿಯಿಂದಲೇ ನೋಡಿದೆ.

ಮರುದಿನ ಆಫೀಸಿನಲ್ಲಿ ಸಹೋದ್ಯೋಗಿ ಸಲೀಮನಿಗೆ ಈ ಸಂಕಟ ತೋಡಿಕೊಂಡೆ. ಅವನು ಒಳನಾಡಿನ ಇಬ್ರಿ ಎಂಬ ಊರಿನವನು. ಅವನ ಅಜ್ಜನ ಕಾಲದಲ್ಲಿ ಇಬ್ರಿಯಿಂದ ಮಸ್ಕತ್ತಿಗೆ ಬರಬೇಕಾದರೆ ಒಂಟೆಯ ಮೇಲೆ ದಿನಗಟ್ಟಲೆ ಪ್ರಯಾಣವಂತೆ. ಮೊಮ್ಮಗ ಈಗ ಬೆಳಗ್ಗೆ ಹೊರಟು ಮೀಟಿಂಗಿಗೆ ಬಂದು ಕೂರುತ್ತಾನೆ, ದಾರಿಯಲ್ಲಿ ಸಿಗ್ನಲ್ ಜಾಸ್ತಿಯಾಯಿತೆಂದು ಗೊಣಗುತ್ತಾನೆ. ದೇಶ ಬೆಳೆಯುವುದೆಂದರೆ ಏನೆಂದು ಅವನಿಗೆ ಪುಸ್ತಕ ಓದಿ ತಿಳಿಯಬೇಕಾಗಿಲ್ಲ. ಎಲ್ಲವನ್ನೂ ಕೇಳಿದ ಸಲೀಮ್, ತನ್ನ ಮಗಳು ಏನು ಓದುತ್ತಿದ್ದಾಳೆಂಬುದು ತನಗೆ ತಿಳಿದದ್ದು ಅವಳು ಕಾಲೇಜಿನ ಎರಡನೇ ವರ್ಷಕ್ಕೆ ಬಂದ ಮೇಲೆ ಎಂದು ಹೇಳಿ, ನನ್ನ ಮುಂದೆ ಖರ್ಜೂರದ ತಟ್ಟೆ ಸರಿಸಿದ. ಅಷ್ಟಕ್ಕೆ ನನಗೆ ಸಮಾಧಾನವಾಗಲಿಲ್ಲ, ಖರ್ಜೂರ ಮಾತ್ರ ಖಾಲಿಯಾಯಿತು.

ಇಲ್ಲಿಯ ರಜೆಯ ದಿನವಾದ ಶುಕ್ರವಾರ ಬಂತು. ರೂವಿಯ ಬಟ್ಟೆ ಅಂಗಡಿಯಲ್ಲಿ ಮ್ಯಾನೇಜರ್ ಆಗಿರುವ ಉಡುಪಿ ಕಡೆಯ ಸದಾನಂದಣ್ಣ ತಂಗಿಯ ಮಗಳ ಮದುವೆಗೆಂದು ಊರಿಗೆ ಹೊರಟಿದ್ದರು. ಗಲ್ಫಿನಲ್ಲಿ ಒಬ್ಬ ಊರಿಗೆ ಹೊರಡುತ್ತಾನೆಂದರೆ ರಟ್ಟಿನ ಪೆಟ್ಟಿಗೆ ಕಟ್ಟಲಿಕ್ಕೆ ಗೆಳೆಯರೆಲ್ಲ ಸೇರಬೇಕು. ಹಾಲಿನ ಪುಡಿ, ಬಾದಾಮಿ, ಕಂಬಳಿ, ಸೆಂಟಿನ ಬಾಟಲಿಗಳನ್ನು ಒಬ್ಬ ಜೋಡಿಸಬೇಕು, ಒಬ್ಬ ಪೆಟ್ಟಿಗೆಯ ಮೇಲೆ ಮಂಡಿಯೂರಿ ಒತ್ತಬೇಕು, ಒಬ್ಬ ಹಗ್ಗ ಬಿಗಿಯಬೇಕು, ಒಬ್ಬ ಕೊಕ್ಕೆ ತಕ್ಕಡಿಗೆ ನೇತುಹಾಕಿ ತೂಗಬೇಕು, ಒಬ್ಬ ದಪ್ಪ ಮಸಿಯಲ್ಲಿ ನಾಲ್ಕೂ ಕಡೆ ಹೆಸರು ಬರೆಯಬೇಕು. ಈ ಎಲ್ಲರ ಹಿಂದೆ ನಿಂತು, ಆ ಮೂಲೆ ಸ್ವಲ್ಪ ಉಬ್ಬಿದೆ, ಭಾರ ಒಂದೇ ಕಡೆ ಬಿದ್ದಿದೆ, ಎಲ್ಲ ಬಿಚ್ಚಿ ಇನ್ನೊಮ್ಮೆ ಜೋಡಿಸಿದರೆ ಒಳ್ಳೆಯದು ಎಂದು ಹೇಳುವವನೂ ಒಬ್ಬ ಬೇಕಲ್ಲ. ವರ್ಷಗಳಿಂದ ಆ ಹೊಣೆ ನನ್ನದು.

ಅಂದು ಅವರ ಮನೆಗೆ ಶೈಲಾಳ ಜೊತೆ ಮಾನಸಿಯೂ ಬಂದಿದ್ದಳು. ಪೆಟ್ಟಿಗೆ ಅರ್ಧ ತುಂಬುವಷ್ಟರಲ್ಲಿ ನಾನು ಕಂಬಳಿ ಕೆಳಗಿರಬೇಕೋ ಮೇಲಿರಬೇಕೋ ಎಂಬ ಪ್ರಶ್ನೆ ಎತ್ತಿದೆ. ಸದಾನಂದಣ್ಣ ಎದ್ದು ಬಂದು ನನ್ನ ಹೆಗಲ ಮೇಲೆ ಕೈಯಿಟ್ಟರು.

“ಸಾರ್, ನೀವೊಂದು ಉಪಕಾರ ಮಾಡ್ಬೇಕು. ಟೇಪು ಉಂಟಲ್ಲ, ಅಗಲದ್ದು, ಅದೊಂದು ತಗೊಂಡು ಬನ್ನಿ. ಒಳ್ಳೆಯದು ನೋಡಿ ತರ್ಲಿಕ್ಕೆ ನಿಮ್ಗೇ ಗೊತ್ತಾಗುದು.”

ಟೇಪಿನ ಗುಣಮಟ್ಟದ ವಿಷಯದಲ್ಲಿ ಎಂಜಿನಿಯರನ ಅಗತ್ಯವನ್ನು ಮನಗಂಡ ಸದಾನಂದಣ್ಣನ ಮೇಲೆ ಗೌರವ ಹೆಚ್ಚಾಗಿ, ಕೂಡಲೇ ಹೊರಟೆ. ಕಾರು ನಿಲ್ಲಿಸಲು ಜಾಗವಿಲ್ಲದೆ ಸುತ್ತಿ, ಅಂಗಡಿಯಲ್ಲಿ ಇದ್ದ ಟೇಪುಗಳನ್ನೆಲ್ಲ ಉಗುರಿನಿಂದ ಕೆರೆದು ಪರೀಕ್ಷಿಸಿ, ಅತ್ಯುತ್ತಮವಾದುದನ್ನು ಹಿಡಿದು ಹಿಂದಿರುಗಿದೆ. ಪೆಟ್ಟಿಗೆ ಕಟ್ಟಿ, ತೂಗಿ, ಹೆಸರು ಬರೆದು ಬಾಗಿಲ ಪಕ್ಕ ನಿಲ್ಲಿಸಿಯಾಗಿತ್ತು. ಎಲ್ಲರೂ ಚಹಾ ಕುಡಿಯುತ್ತಿದ್ದರು. ಸದಾನಂದಣ್ಣ, ಇದು ಬೇಕೇ ಇತ್ತು ಸಾರ್ ಎಂದು ಎರಡೂ ಕೈಯಲ್ಲಿ ಟೇಪು ತೆಗೆದುಕೊಂಡು ಬೀರು ತೆರೆದರು. ಒಳಗೆ ಹಿಂದಿನ ವರ್ಷಗಳಲ್ಲಿ ನಾನು ತಂದ ಟೇಪುಗಳು ಹೊದಿಕೆಯೂ ಬಿಚ್ಚದೆ ಒಂದರ ಮೇಲೊಂದು ಕೂತಿದ್ದವು.

ಮನೆಗೆ ಬರುವಾಗ ಕಾರಿನಲ್ಲಿ, ಇದು ನಿನ್ನ ಪ್ರಯೋಗವೋ ಎಂದು ಮಾನಸಿಯನ್ನು ಕೇಳಿದೆ. ತಾನು ಏನೂ ಮಾಡಿಲ್ಲ, ಅಪ್ಪನನ್ನು ಟೇಪಿಗೆ ಯಾಕೆ ಕಳಿಸಿದಿರಿ ಎಂದು ಅಂಕಲ್‌ನ ಕೇಳಿದೆ ಅಷ್ಟೆ ಎಂದಳು. ಸಾರ್ ಇದ್ದರೆ ಪೆಟ್ಟಿಗೆ ಮುಗಿಯುವುದಿಲ್ಲ ಎಂದು ಅವರು ಹೇಳಿದರಂತೆ. ಆಮೇಲೆ ಸ್ವಲ್ಪ ಯೋಚಿಸಿ, ಥಿಯರಿಯ ಪ್ರಕಾರ ಹೆಚ್ಚುವರಿ ಮನುಷ್ಯ ಎದ್ದು ಹೋದರೆ ಆಗುವ ಕೆಲಸವೇನೂ ಕಡಿಮೆಯಾಗುವುದಿಲ್ಲ, ಆದರೆ ಅಪ್ಪ ಹೋದರೆ ಜಾಸ್ತಿಯಾಗುತ್ತದೆ, ಇದನ್ನು ಟೀಚರ್‌ಗೆ ಕೇಳಬೇಕು ಎಂದಳು. ದ್ವೀಪದವರು ಪಾಪ ಸೊನ್ನೆಯವರೆಗೆ ಹೋಗಿ ನಿಂತಿದ್ದರು. ಅದರ ಕೆಳಗೂ ಜಾಗವಿದೆ ಎಂದು ನಾನು ತೋರಿಸಿಕೊಟ್ಟಿದ್ದೆ. ನನಗೆ ನಿಜಕ್ಕೂ ನೋವಾಗಿತ್ತು. ಅದನ್ನು ಕಂಡು ಶೈಲಾ, “ಬೇಸರ ಮಾಡ್ಬೇಡಿ ಮಾರಾಯ್ರೆ. ಸದಾನಂದಣ್ಣನಿಗೆ ನಿಮ್ಮ ಮೇಲೆ ಪ್ರೀತಿ ಉಂಟು. ಇಲ್ಲದಿದ್ರೆ ಟೇಪು ತನ್ನಿ ಅಂತಿದ್ರಾ? ಮನೆಗೆ ಹೋಗಿ ಅಂತಿದ್ರು” ಎಂದಳು.

ಶನಿವಾರ ಸಂಜೆ ನಾವು ಕುರುಮ್ ಬೀಚಿಗೆ ಹೋದೆವು. ತಾಯಿ ಮಗಳು ಕೂತರು, ನಾನು ನೀರಿನ ಅಂಚಿನಲ್ಲಿ ನಡೆದೆ. ನಡೆಯುವಾಗ ದ್ವೀಪದವರಿಗೆ ಹೊಳೆದಂತೆ ನನಗೂ ಏನಾದರೂ ಹೊಳೆದೀತೆಂಬ ದುರಾಸೆ. ಮೊದಲು ಮಂಡಿ ನೋವು ಬಂತು. ಆಮೇಲೆ ಮಗಳ ಮುಖ ಕಣ್ಣಮುಂದೆ ಬಂತು. ಹೊಲ, ಬೆಳೆ, ಬಡತನ ಎಂದು ವಿವರಿಸುವಾಗ ಅವಳ ಕಣ್ಣಿನಲ್ಲಿ ಎಂಥ ಬೆಳಕಿತ್ತು! ಫಿಸಿಕ್ಸ್ ಪುಸ್ತಕದ ಮುಂದೆ ಅದನ್ನು ನಾನು ಒಮ್ಮೆಯೂ ಕಂಡಿರಲಿಲ್ಲ. ದ್ವೀಪದವರಿಗೆ ಬಾಗಿಲು ಮುಚ್ಚಿದವರು ಪರರು. ಇವಳಿಗೆ ಮುಚ್ಚಹೊರಟವನು ಹೆತ್ತ ಅಪ್ಪ. ಬೇಡ, ಒಪ್ಪಿಬಿಡೋಣ ಎಂದುಕೊಂಡೆ. ಒಪ್ಪುವುದೆಂದ ಮೇಲೆ ಘನವಾಗಿ ಒಪ್ಪಬೇಡವೇ? ಟೀಚರ ಎದುರಿಗೆ ಆಡಲು ಒಂದು ಸಣ್ಣ ಭಾಷಣ ಸಿದ್ಧಪಡಿಸಿದೆ. ಎಂಜಿನಿಯರನಾದ ತಂದೆಯ ತ್ಯಾಗದಿಂದ ಶುರುವಾಗಿ, ದ್ವೀಪದ ಮೇಲೆ ಹಾದು, ಮಗಳ ತಲೆಯ ಮೇಲೆ ಕೈಯಿಡುವಲ್ಲಿ ಅದು ಮುಗಿಯುತ್ತಿತ್ತು.

ಭಾನುವಾರ ಬೆಳಗ್ಗೆ ಶಾಲೆಯ ಮುಂದೆ ಕಾರುಗಳ ಜಾತ್ರೆ. ನಾನು ಇಳಿಯುವಷ್ಟರಲ್ಲಿ ಗೇಟಿನವನು ಅಲ್ಲಿ ನಿಲ್ಲಿಸಬಾರದೆಂದು ಕೈಬೀಸಿದ. ನೀವು ಕಾರು ತಿರುಗಿಸಿ ನೆರಳಿನಲ್ಲಿ ನಿಲ್ಲಿಸಿ ಬನ್ನಿ, ನಾವು ಒಳಗೆ ಕೂತಿರುತ್ತೇವೆ ಎಂದು ಶೈಲಾ ಮಗಳನ್ನು ಕರೆದುಕೊಂಡು ಹೋದಳು. ಮಸ್ಕತ್ತಿನ ಬಿಸಿಲಿನಲ್ಲಿ ನೆರಳು ಹುಡುಕುವುದು ಸಣ್ಣ ಕೆಲಸವಲ್ಲ. ಮೂರು ಬೀದಿ ಅಲೆದು, ಒಂದು ಬೇವಿನ ಮರದ ಕೆಳಗೆ, ಹೊರಡುವಾಗ ಸೀದಾ ಹೋಗುವಂತೆ ಮುಖ ತಿರುಗಿಸಿ ನಿಲ್ಲಿಸಿದೆ. ಭಾಷಣವನ್ನು ಇನ್ನೊಮ್ಮೆ ಮನಸ್ಸಿನಲ್ಲಿ ಹೇಳಿಕೊಂಡು, ಬೆವರು ಒರೆಸಿಕೊಂಡು ಗೇಟಿಗೆ ಬಂದರೆ ಅವರಿಬ್ಬರೂ ಹೊರಗೆ ಬರುತ್ತಿದ್ದರು. ಎಲ್ಲ ಮುಗಿದಿತ್ತು. ಕಾಮರ್ಸ್, ಅರ್ಥಶಾಸ್ತ್ರ, ಟೀಚರ ಶುಭಾಶಯ, ಎಲ್ಲ.

ತಂದೆಯ ಒಪ್ಪಿಗೆ ಇದೆಯೇ ಎಂದು ಯಾರೂ ಕೇಳಲಿಲ್ಲವೇ ಎಂದೆ. ಕೇಳಿದರಂತೆ.

“ಒಪ್ಪಿದ್ದಾರೆ ಅಂತ ಹೇಳಿದೆ” ಎಂದಳು ಶೈಲಾ. “ನಿನ್ನೆ ಬೀಚಲ್ಲಿ ಕೈ ಎಲ್ಲ ಆಡಿಸಿ ಒಬ್ಬರೇ ಭಾಷಣ ಮಾಡ್ತಿದ್ರಿ. ಬೇಡ ಅನ್ನುವವರು ಅಷ್ಟು ಪ್ರ್ಯಾಕ್ಟೀಸ್ ಮಾಡುದಿಲ್ಲ.”

ನನ್ನ ಒಪ್ಪಿಗೆ ನನಗಿಂತ ಮೊದಲೇ ಒಳಗೆ ಹೋಗಿ ಕೆಲಸ ಮುಗಿಸಿ ಬಂದಿತ್ತು. ಮೂವರೂ ಬೇವಿನ ಮರದವರೆಗೆ ನಡೆದೆವು. ಉಳಿದವರು ಬೆಂಕಿಯಂತೆ ಕಾದ ಸೀಟುಗಳ ಮೇಲೆ ಹಾ ಹೂ ಎನ್ನುತ್ತ ಕೂರುತ್ತಿದ್ದಾಗ ನಮ್ಮದು ತಣ್ಣಗಿತ್ತು, ಮುಖ ದಾರಿಯ ಕಡೆಗಿತ್ತು. ಮಾನಸಿ ಹಿಂದಿನ ಸೀಟಿನಲ್ಲಿ ಕೂತು ಬಾಗಿಲು ಹಾಕಿಕೊಂಡು, “ಥ್ಯಾಂಕ್ಸ್ ಅಪ್ಪಾ, ನೀವು ಕಾರು ತುಂಬಾ ಚೆನ್ನಾಗಿ ನಿಲ್ಲಿಸ್ತೀರಾ” ಎಂದಳು. ಎಂಜಿನಿಯರಿಂಗ್ ಪಾಸಾದ ದಿನವೂ ನನಗೆ ಅಷ್ಟು ಹೆಮ್ಮೆಯಾಗಿರಲಿಲ್ಲ.