ಕೋತಿ ಕಳಿಸಿದ ಮೆಸೇಜು

ರಾಚಮ್ಮ: ನಿನ್ ಫೋನ ಕೋತಿ ಒತ್ತಿತಾ? ಸರಿ, ನಾನು ಒಪ್ಕಂಡಿ. ಆ ಕೋತಿಗ ನನ್ ತಮ್ಮನ ಮ್ಯಾಲ ಅದ್ಯಾವ ಜನ್ಮದ ದ್ವೇಷ, ಅದ್ನ ಏಳು ಮದ್ಲು.

ಮೂಗಯ್ಯ: ದ್ವೇಷ ಎಲ್ಲಿ ಬಂತು ಕಣಮ್ಮಿ? ಸುಮ್ನ ಕೆರೀತು. ಅಕ್ಸರ ಬಿದ್ದೊ.

ರಾಚಮ್ಮ: ಬಿದ್ದೊ! ಒಂದೂ ಆಚೀಚ ಆಗ್ದಂಗ ಸಾಲಾಗಿ ಬಿದ್ದೊ! ನೀನು ಬರ್ದ ಸಾಮಾನ್ ಚೀಟಿಯ ಗುಂಡ್ಲುಪೇಟ ಅಂಗಡಿಯವ್ನು ತಿರುಗ್ಸಿ ಮುರುಗ್ಸಿ ಓದ್ತನ. ಈ ಕೋತಿ ಎಷ್ಟ್ ಚೆಂದಾಗಿ ಬರ್ದದ ನೋಡು.

ಹಂಗಳ ಊರಿನ ಆ ಮನೆಯ ಜಗಲಿಯ ಮೇಲೆ ಮೂಗಯ್ಯನ ಫೋನು ಬಿದ್ದಿತ್ತು, ಕವರಿನ ಮೇಲೆ ಹಲ್ಲಿನ ಗುರುತು. ಮಧ್ಯಾಹ್ನ ಅವನು ವಾಟ್ಸಾಪ್ ಗ್ರೂಪಿಗೆ ಬಂದ ಬಾಮೈದನ ಹೊಸ ಮನೆಯ ಫೋಟೋಗಳನ್ನು ನೋಡುತ್ತಾ ನೋಡುತ್ತಾ, ಫೋನನ್ನು ತೆರೆದಂತೆಯೇ ಹಿತ್ತಲ ಗೋಡೆಯ ಮೇಲಿಟ್ಟು ಬಾಳೆಗೆ ನೀರು ಬಿಡಲು ಹೋಗಿದ್ದ. ಕಾಡಿನ ಕಡೆಯಿಂದ ಬಂದ ಕೋತಿಯೊಂದು ಅದನ್ನೆತ್ತಿಕೊಂಡು ಹುಣಸೆ ಮರ ಹತ್ತಿತು. ಐದು ನಿಮಿಷ ಒತ್ತಿತು, ಕಚ್ಚಿತು, ಬಿಸಾಕಿತು. ಇದು ಅಪ್ಪಟ ನಿಜ. ಇಪ್ಪತ್ತೈದು ವರ್ಷದ ಸಂಸಾರದಲ್ಲಿ ಮೂಗಯ್ಯ ನಿಜ ಹೇಳಿದ ದಿನಗಳೇ ಕಮ್ಮಿ. ಹೇಳಿದ ಒಂದನ್ನೂ ಹೆಂಡತಿ ನಂಬುತ್ತಿಲ್ಲವಲ್ಲ ಎಂದು ಅವನಿಗೆ ಸಂಕಟ.

ಆ ಐದು ನಿಮಿಷದಲ್ಲಿ ನೆಂಟರಿಷ್ಟರೆಲ್ಲ ಇರುವ ಆ ಗ್ರೂಪಿಗೆ ಹೋಗಿದ್ದು ಇಷ್ಟು: 'ಬಾಮೈದ ಕಟ್ಟಿರೋದು ಮನೆಯಲ್ಲ ಕೋಳಿಗೂಡು ನಾನಂತೂ ಬರಲ್ಲ.'

ಬಾಮೈದ ಕನಕರಾಜು ಬದನಗುಪ್ಪೆಯಲ್ಲಿ ಫ್ಯಾಕ್ಟರಿ ಕೆಲಸದವನು. ಬರುವ ಭಾನುವಾರ ಹೊಸ ಮನೆಯ ಗೃಹಪ್ರವೇಶ. ಒಡಹುಟ್ಟಿದ ಅಕ್ಕನೇ ಹಾಲುಕ್ಕಿಸಬೇಕು, ಅದಕ್ಕೆಂದು ರಾಚಮ್ಮ ಎರಡು ತಿಂಗಳಿಂದ ಸೀರೆ ಎತ್ತಿಟ್ಟಿದ್ದಳು. ಮೆಸೇಜು ನೋಡಿದವನೇ ಅವನು ಫೋನು ಮಾಡಿ, "ಕೋಳಿಗೂಡಲ್ಲಿ ಹಾಲುಕ್ಸಾಕ ನಿಂಗ್ಯಾಕಕ್ಕ ತೊಂದ್ರ? ದೊಡ್ಡಪ್ಪನ ಮಗ್ಳು ಸುಂದ್ರಕ್ಕನ್ನ ಕರ್ದಿನಿ ಬುಡು" ಎಂದು ಕಟ್ ಮಾಡಿದ್ದ. ಸುಂದ್ರಮ್ಮ ತನ್ನ ಜಾಗದಲ್ಲಿ ನಿಂತು ಹಾಲುಕ್ಕಿಸುವುದನ್ನು ನೆನೆದರೇ ರಾಚಮ್ಮನ ಕಣ್ಣಲ್ಲಿ ನೀರು ಬರುತ್ತಿತ್ತು. ಆ ನೀರು ಕಂಡಾಗಲೆಲ್ಲ ಮೂಗಯ್ಯ ಕೋತಿಯ ಕುಲಕ್ಕೇ ಶಾಪ ಹಾಕುತ್ತಿದ್ದ.

ಚಾಮರಾಜನಗರದ ಕಾಲೇಜಿನಲ್ಲಿ ಬಿ.ಎಸ್ಸಿ. ಓದುವ ಮಗಳು ಪ್ರಿಯಾಂಕ ನೋಟ್‌ಬುಕ್ಕು ಹಿಡಿದು ಹೊರಗೆ ಬಂದಳು.

ಪ್ರಿಯಾಂಕ: ಇಬ್ರೂ ಕೂಗಾಡ್ಬ್ಯಾಡಿ. ಲೆಕ್ಕ ಹಾಕಿದೀನಿ. ಕೀಬೋರ್ಡಲ್ಲಿ ಐವತ್ತು ಗುಂಡಿ ಅಂತ ಇಟ್ಕೊಳಿ. 'ಬಾಮೈದ' ಅನ್ನಕ್ಕೆ ಐದು ಸಲ ಸರಿಯಾಗಿ ಒತ್ತಬೇಕು. ಕೋತಿ ಗೊತ್ತಿಲ್ದೆ ಒತ್ತಿದ್ರೆ ಮೂವತ್ತೊಂದು ಕೋಟಿ ಚಿಲ್ರೆ ಸಲದಲ್ಲಿ ಒಂದ್ಸಲ ಅದು ಬರಬೋದು. ಸೆಕೆಂಡಿಗೊಂದು ಸಲ ಪ್ರಯತ್ನ ಮಾಡಿದ್ರೂ ಊಟ ನಿದ್ದೆ ಬಿಟ್ಟು ಹತ್ತು ವರ್ಷ.

ರಾಚಮ್ಮ: ಬರೀ 'ಬಾಮೈದ'ಕ್ಕ?

ಪ್ರಿಯಾಂಕ: ಬರೀ 'ಬಾಮೈದ'ಕ್ಕೆ. ಇಲ್ಲಿಂದ ಕೇರಳ ಗಡಿ ಕಡೆ ಮದ್ದೂರು ಕಾಡಿನವರೆಗೂ ಇರೋ ಕೋತಿಗಳೆಲ್ಲ ಒಂದೊಂದು ಫೋನು ಹಿಡ್ಕೊಂಡು ಕೂತ್ರೂ 'ಕೋಳಿಗೂಡು' ಬರೋವಷ್ಟರಲ್ಲಿ ಕಾಡೇ ಇರಲ್ಲ.

ರಾಚಮ್ಮ: ಕೇಳ್ದಾ? ನಿನ್ ಕೋತಿ ಐದೇ ನಿಮ್ಷಕ್ಕ ಮುಗಿಸ್ಬುಡ್ತು. ಅದ್ನ ಮರದ ಮ್ಯಾಲ ಯಾಕ ಬುಟ್ಟಿದೈ, ಮಗ್ಳ ಜೊತ್ಗ ಕಾಲೇಜ್ಗ ಸೇರ್ಸು.

ಮೂಗಯ್ಯ: ಚಾನ್ಸು ಅಂತ ಒಂದು ಅದಲ್ಲಮ್ಮಿ! ಕೇರಳ ಲಾಟ್ರಿ ಯಾರ್ಗೂ ಒಡಿಯಲ್ವಾ?

ರಾಚಮ್ಮ: ಒಡೀತದ, ಒಡೀತದ. ಆ ಚಾನ್ಸಲ್ಲಿ 'ಬಾಳೆಗೊನೆ' ಅಂತ ಬಿದ್ದಿದ್ರ ಕೋತಿ ಅಂತ ನಾನೂ ನಂಬ್ತಿದ್ದಿ. ಕೋತಿಗ್ಯಾಕ ಕೋಳಿಗೂಡಿನ ಇಚಾರ? 'ನಾನಂತೂ' ಅಂತದಲ್ಲ, ಆ 'ಅಂತೂ' ಯಾರ್ದು? ದಿನಾ ನನ್ನತ್ರ 'ನಾನಂತೂ ಉಣ್ಣಲ್ಲ, ನಾನಂತೂ ಓಗಲ್ಲ' ಅನ್ನೋವ್ನು ಕೋತಿಯಾ?

ಅಷ್ಟರಲ್ಲಿ ಪ್ರಿಯಾಂಕ ಫೋನೆತ್ತಿಕೊಂಡು ನೋಡಿ, ಹಣೆ ಚಚ್ಚಿಕೊಂಡಳು.

ಪ್ರಿಯಾಂಕ: ಅಯ್ಯೋ, ನನ್ ಲೆಕ್ಕವೇ ತಪ್ಪು. ಕೀಬೋರ್ಡಿನ ಮೇಲ್ಗಡೆ ಫೋನೇ ಮೂರು ಪದ ತೋರಿಸುತ್ತೆ. ಒಂದು ಒತ್ತಿದ್ರೆ ಮುಂದಕ್ಕೆ ಇನ್ನೂ ಮೂರು. ಕೋತಿ ಅಲ್ಲೇ ಒತ್ತಿದ್ರೆ ಆರು ಪದಕ್ಕೆ ಏಳ್ನೂರ ಇಪ್ಪತ್ತೊಂಬತ್ತರಲ್ಲಿ ಒಂದು ಚಾನ್ಸು. ಆಗಬೋದು ಅವ್ವ, ಕೋತಿನೇ ಆಗಿರಬೋದು!

ಮೂಗಯ್ಯ ಜಗಲಿಯಿಂದ ಜಿಗಿದೇ ಬಿಟ್ಟ.

ಮೂಗಯ್ಯ: ಎಂಗ! ನಾನು ಬಡ್ಕಂಡಿ ಬಡ್ಕಂಡಿ, ಕೇಳ್ದಾ ನೀನು? ಗಂಡನ ಮಾತ ನಂಬದೋರ್ಗ ಬುಕ್ಕಲ್ಲಿ ಬರ್ದು ತೋರ್ಸಬೇಕು. ಓಗು, ಕಾಪಿ ಕಾಸು. ಬೆಲ್ಲ ಜಾಸ್ತಿ ಇರ್ಲಿ.

ರಾಚಮ್ಮ ಏಳಲಿಲ್ಲ. ಸೆರಗಿನಿಂದ ಮುಖ ಒರೆಸಿಕೊಂಡು ಮಗಳ ಕಡೆ ತಿರುಗಿದಳು.

ರಾಚಮ್ಮ: ಆ ಮೂರು ಪದವ ಫೋನ್ಗ ಯಾರಮ್ಮಿ ಏಳ್ಕೊಡದು?

ಪ್ರಿಯಾಂಕ: ಯಾರೂ ಇಲ್ಲ. ಫೋನಿನವರು ಯಾವಾಗ್ಲೂ ಏನು ಬರೀತಾರೋ ಅದನ್ನೇ ಕಲ್ತ್ಕೊಂಡು...

ಅಲ್ಲಿಗೇ ನಿಲ್ಲಿಸಿ ಅಪ್ಪನ ಮುಖ ನೋಡಿದಳು. ಅಪ್ಪ ಹುಣಸೆ ಮರ ನೋಡುತ್ತಿದ್ದ.

ರಾಚಮ್ಮ: ತಾ ಇಲ್ಲಿ. ನಾನೂ ಕೋತಿಯಂಗೇ ಒತ್ತಿನಿ.

ಮೂಗಯ್ಯ: ಬ್ಯಾಡ ಕಣಮ್ಮಿ, ಚಾರ್ಜಿಲ್ಲ!

ರಾಚಮ್ಮ ಕಣ್ಣು ಮುಚ್ಚಿಕೊಂಡು, ಮಗಳು ತೋರಿಸಿದ ಜಾಗದಲ್ಲಿ ಒಂದೊಂದಾಗಿ ಒತ್ತಿದಳು. ಮಗಳು ಓದಬೇಕಾಯಿತು.

ಪ್ರಿಯಾಂಕ: 'ರಾಚಿ... ತವರಿಗೆ... ಹೋದ್ರೆ... ನಾಲ್ಕು... ದಿನ... ನೆಮ್ಮದಿ... ರಾಜಣ್ಣ.'

ರಾಜಣ್ಣ ಪಕ್ಕದ ಬೀದಿಯವನು, ಮೂಗಯ್ಯನ ಜೀವದ ಗೆಳೆಯ. ಸುಖದುಃಖವೆಲ್ಲ ಅವನಿಗೆ ಮೆಸೇಜು.

ರಾಚಮ್ಮ: ಕೋತಿದೇನೂ ತಪ್ಪಿಲ್ಲ ಕಣಮ್ಮಿ. ಪಾಪ, ಸಿಕ್ಕಿದ್ದ ಕಳಿಸ್ತು.

ಮೂಗಯ್ಯ ಈ ಸಲ ಸುಳ್ಳು ಹುಡುಕಿದ, ಒಂದೂ ಸಿಗಲಿಲ್ಲ. ಫೋನಿಗಾಗಿ ಕೈ ಚಾಚಿದ. ಮೇಲೆ ಕಾಣುವ ಮೂರು ಪದಗಳನ್ನು ಮುಟ್ಟದೆ, ಒಂದೊಂದೇ ಅಕ್ಷರ ಹುಡುಕಿ ಒತ್ತಿದ. ಕಾಲು ಗಂಟೆ ಹಿಡಿಯಿತು. 'ಕನಕರಾಜು, ಮೆಸೇಜು ಕೋತಿ ಕಳಿಸಿದ್ದು. ಮಾತು ನನ್ನದೇ. ತಪ್ಪಾಯ್ತು. ನಿಮ್ಮಕ್ಕ ಅಳ್ತಾವ್ಳೆ. ಹಾಲು ಅವಳೇ ಉಕ್ಕಿಸ್ಲಿ, ನಾನು ಬೇಕಾದ್ರೆ ಹೊರಗೇ ನಿಲ್ತೀನಿ.'

ಓದಿದ ರಾಚಮ್ಮ ಕಾಫಿ ಕಾಸಲು ಒಳಗೆ ಹೋದಳು. ನೀರು ಕುದಿಯುವಷ್ಟರಲ್ಲಿ ಫೋನು ಟಿಂಗ್ ಅಂದಿತು. ಪ್ರಿಯಾಂಕ ಒಳಗಿನವರೆಗೂ ಕೇಳುವಂತೆ ಓದಿದಳು:

'ಹಾಲು ಅಕ್ಕಂದೇ. ಸುಂದ್ರಕ್ಕಂಗ ನಾನಿನ್ನೂ ಏಳೇ ಇಲ್ಲ, ಸುಮ್ನ ಎದರ್ಸಿದ್ದಿ. ಭಾವ, ನೀನೂ ಒಳೀಕೇ ಬಾ. ಆ ಕೋತಿಯನ್ನೂ ಕರ್ಕಂಡ್ ಬಾ. ನಮ್ ಮನ ಬಗ್ಗ ನೀನು ಏನಂದಿಯೋ ಅದ್ನ ಮುಖಕ್ಕ ಏಳೋ ಗಂಡಸು ನಿಮ್ ಮನೆಲಿ ಅದೊಂದೇ.'